ದೀಪಸ್ತಂಭದ ಅಜ್ಜನಿಗೆ ಸಿಟ್ಟು ಬಂದಾಗ

ರೇಡಿಯೋ ಬಿಸಿಯಾದಾಗ ಒಂದು ವಾಸನೆ ಬರುತ್ತಿತ್ತು. ಈಗಿನವರಿಗೆ ಅದು ಗೊತ್ತಿರಲಾರದು. ಒಳಗಿನ ವಾಲ್ವುಗಳು ಕಾದು, ಅವುಗಳ ಮೇಲೆ ಕೂತ ಧೂಳು ಮೆಲ್ಲಗೆ ಸುಟ್ಟು, ಮರದ ಪೆಟ್ಟಿಗೆಯ ಪಾಲಿಶಿನ ಘಮದೊಂದಿಗೆ ಸೇರಿ ನಮ್ಮ ಅಡುಗೆಮನೆಯನ್ನೆಲ್ಲ ತುಂಬುತ್ತಿತ್ತು. ವಾಸನೆ ಮೊದಲು, ದನಿ ಆಮೇಲೆ. ಭಾನುವಾರ ಸಂಜೆ ನಾಟಕ ಶುರುವಾಗುವ ಹೊತ್ತಿಗೆ ಅಮ್ಮ ದೀಪ ಆರಿಸುತ್ತಿದ್ದಳು. ಕರೆಂಟು ಉಳಿಸಲು ಎಂದು ಅವಳು ಹೇಳುತ್ತಿದ್ದರೂ, ಕತ್ತಲಲ್ಲಿ ಕೇಳುವುದೇ ಅವಳಿಗೆ ಇಷ್ಟ ಎಂದು ನಮಗೆ ಗೊತ್ತಿತ್ತು. ಒಮ್ಮೆ ನಾಟಕದಲ್ಲಿ ಕುದುರೆ ಓಡಿ ಬಂದಾಗ ನನ್ನ ತಮ್ಮ ರೇಡಿಯೋದ ಹಿಂಬದಿಗೆ ಹೋಗಿ ಅಲ್ಲಿ ಒಂದು ಕ್ಯಾರೆಟ್ ಇಟ್ಟು ಬಂದಿದ್ದ. ಬೆಳಗ್ಗೆ ನೋಡಿದರೆ ಕ್ಯಾರೆಟ್ ಅರ್ಧ ಮಾತ್ರ ಇತ್ತು. ಉಳಿದರ್ಧವನ್ನು ಅಮ್ಮ ತಿಂದಿದ್ದಳೆಂದು ತಿಳಿಯಲು ನಮಗೆ ಎಷ್ಟೋ ವರ್ಷ ಬೇಕಾಯಿತು.

ಅಂಥ ಮನೆಯಲ್ಲಿ ಬೆಳೆದ ಹುಡುಗಿ ಕಾಲೇಜು ಮುಗಿಸಿ ಧ್ವನಿ ಸಂಕಲನದ ಕೆಲಸಕ್ಕೆ ಸೇರಿದ್ದರಲ್ಲಿ ಆಶ್ಚರ್ಯವೇನಿಲ್ಲ. ಬರ್ಲಿನ್ನಿನ ಲಾಂಕ್‌ವಿಟ್ಸ್ ಬಡಾವಣೆಯಲ್ಲಿ, ಒಂದು ಹಳೆಯ ಬಿಸ್ಕತ್ತು ಕಾರ್ಖಾನೆಯ ಹಿತ್ತಲಿನಲ್ಲಿ ನಮ್ಮ ಸ್ಟುಡಿಯೋ ಇತ್ತು. ಹೊರದೇಶದ ಚಿತ್ರಗಳಿಗೆ ಜರ್ಮನ್ ಮಾತು ಹಾಕುವುದು ನಮ್ಮ ಮುಖ್ಯ ಕೆಲಸ. ನಾನು ನಿವೃತ್ತಿಯಾಗುವವರೆಗೂ ಅಲ್ಲೇ ಇದ್ದೆ, ಲೋಥಾರ್ ವೀಲಾಂಡ್ ಕೂಡ.

ಲೋಥಾರ್ ಸಿನಿಮಾ ನಟ. ಹಾಗೆಂದು ಅವನು ಹೇಳಿಕೊಂಡರೆ ಜನ ಅವನ ಮುಖವನ್ನು ದಿಟ್ಟಿಸಿ ನೋಡಿ, "ಎಲ್ಲೋ ನೋಡಿದ್ದೀನಿ..." ಎಂದು ನಿಲ್ಲಿಸುತ್ತಿದ್ದರು. ಅವನು ಮಾಡಿದ್ದು ಹೋಟೆಲ್ಲಿನ ಮಾಣಿ, ರೈಲಿನ ಟಿಕೆಟ್ ಪರೀಕ್ಷಕ, ಪತ್ತೇದಾರಿ ಧಾರಾವಾಹಿಗಳಲ್ಲಿ ಲೆಕ್ಕವಿಲ್ಲದಷ್ಟು ಹೆಣ. "ನನ್ನಷ್ಟು ಚೆನ್ನಾಗಿ ಸಾಯೋನು ಈ ಊರಲ್ಲಿ ಇನ್ನೊಬ್ಬ ಇಲ್ಲ, ಇರ್ಮೆಲ್," ಎಂದು ನನ್ನ ಬಳಿ ಜಂಬ ಕೊಚ್ಚುತ್ತಿದ್ದ. "ಹೋದ ಸಲ ನಿಜವಾದ ಡಾಕ್ಟ್ರೇ ನಾಡಿ ಹಿಡಿದು ನೋಡಿದ್ರು."

ಮುಖಕ್ಕೆ ಸಿಗದ ಕೆಲಸವೆಲ್ಲ ಅವನ ದನಿಗೆ ಸಿಕ್ಕಿತು. ನಮ್ಮಲ್ಲಿ ಹೊರದೇಶದ ಎಷ್ಟೋ ನಟರಿಗೆ ಮಾತಾಡಿದ. ಸದ್ದುಗಳನ್ನೂ ಮಾಡುತ್ತಿದ್ದ. ಪರದೆಯ ಮೇಲೆ ಯಾರೋ ಹಿಮದಲ್ಲಿ ನಡೆದರೆ, ಕತ್ತಲ ಕೋಣೆಯಲ್ಲಿ ಲೋಥಾರ್ ಆಲೂಗಡ್ಡೆ ಹಿಟ್ಟಿನ ಚೀಲವನ್ನು ಹದವಾಗಿ ಹಿಚುಕುತ್ತಿದ್ದ. ಹಗಲಿನ ಹಿಮಕ್ಕೆ ಒಂದು ಚೀಲ, ಬೆಳಗಿನ ಜಾವದ ಗಟ್ಟಿ ಹಿಮಕ್ಕೆ ಇನ್ನೊಂದು. ಇವೆಲ್ಲದರ ಜೊತೆಗೆ ಅವನು ಮಕ್ಕಳ ಕ್ಯಾಸೆಟ್ ಕಥೆಗಳಲ್ಲಿ ಕಡಲತೀರದ ದೀಪಸ್ತಂಭ ಕಾಯುವ ಅಜ್ಜ ಹಿನ್ನರ್ಕ್ ಆಗಿದ್ದ.

ಆ ಕ್ಯಾಸೆಟ್ಟುಗಳ ಬಗ್ಗೆ ಹೇಳಲೇಬೇಕು. ನಮ್ಮ ದೇಶದ ಮಕ್ಕಳು ಕ್ಯಾಸೆಟ್ ಹಾಕಿಕೊಂಡು ಮಲಗುತ್ತಾರೆ, ದೊಡ್ಡವರಾದ ಮೇಲೂ ಆ ಅಭ್ಯಾಸ ಬಿಡುವುದಿಲ್ಲ. ವಕೀಲರು, ದಾದಿಯರು, ಲಾರಿ ಓಡಿಸುವವರು ಎಲ್ಲರೂ ನಿದ್ದೆ ಬಾರದಿದ್ದರೆ ಚಿಕ್ಕಂದಿನ ಅದೇ ಕಥೆಯನ್ನೇ ಹಾಕಿಕೊಳ್ಳುತ್ತಾರೆ. ಕೊನೆಯವರೆಗೆ ಕೇಳಿದವರು ಕಡಿಮೆ, ಅಷ್ಟರಲ್ಲಿ ನಿದ್ದೆ ಬಂದಿರುತ್ತದೆ. ಪ್ರತಿ ಕಥೆಯ ಕೊನೆಗೂ ಅಜ್ಜ ಹಿನ್ನರ್ಕ್ ದೀಪಸ್ತಂಭದ ಮೆಟ್ಟಿಲು ಹತ್ತಿ, ಕಡಲನ್ನೊಮ್ಮೆ ನೋಡಿ, "ಎಲ್ಲಾ ಹಡಗೂ ದಡ ಸೇರಿದ್ವು. ನೀವೂ ಮಲಗಿ ಮಕ್ಕಳಾ" ಎನ್ನುತ್ತಿದ್ದ. ಒಂದು ತಲೆಮಾರಿನ ಜನ ಇಡೀ ಬಾಲ್ಯವನ್ನು ಲೋಥಾರನ ದನಿ ಕೇಳುತ್ತ ನಿದ್ದೆಗೆ ಜಾರಿ ಕಳೆದಿದ್ದರು. ಅವನ ಮುಖ ಮಾತ್ರ ಅವರಿಗೆ ಗೊತ್ತಿರಲಿಲ್ಲ.

ಅರವತ್ತು ದಾಟಿದ ಮೇಲೆ ಲೋಥಾರನಿಗೆ ಮೊದಲ ಸಲ ದೊಡ್ಡ ಪಾತ್ರ ಸಿಕ್ಕಿತು. ಮರೈಕೆ ಎಂಬ ಯುವ ನಿರ್ದೇಶಕಿ ಯಾವುದೋ ಹಳೆಯ ಚಿತ್ರದಲ್ಲಿ ಅವನನ್ನು ಹೆಣವಾಗಿ ಕಂಡು, "ಈ ಮುಖ ಬೇಕು" ಎಂದಳಂತೆ. ಸಣ್ಣ ಊರಿನ ಒಬ್ಬ ಮಾಂಸದಂಗಡಿಯವನ ಕಥೆ ಅದು. ಅವನು ಮುಂಗೋಪಿ, ಮನೆಯವರನ್ನೆಲ್ಲ ನಡುಗಿಸುವವನು. ಅಂಗಡಿ ಬೇಡವೆಂದ ಮಗನನ್ನು ಮನೆಯಿಂದ ಓಡಿಸುತ್ತಾನೆ. ಎಷ್ಟೋ ವರ್ಷದ ಮೇಲೆ ಆ ಮಗ ಮರಳಿ ಬಂದು ಬಾಗಿಲಲ್ಲಿ ನಿಲ್ಲುತ್ತಾನೆ.

ಸುದ್ದಿ ಹೇಳಲು ಲೋಥಾರ್ ನನ್ನ ಕೋಣೆಗೆ ಬಂದಾಗ ಟೋಪಿ ತೆಗೆಯುವುದನ್ನೂ ಮರೆತಿದ್ದ.

"ಇರ್ಮೆಲ್, ನನ್ನ ಮುಖ ಒಂದು ಬೀದೀಲಿ, ನನ್ನ ದನಿ ಇನ್ನೊಂದು ಬೀದೀಲಿ ಇಷ್ಟು ವರ್ಷ ಓಡಾಡಿದ್ವು. ಈಗ ಇಬ್ರೂ ಒಂದೇ ಮನೇಲಿ ಇರ್ತಾರೆ."

"ಜಗಳ ಆಡ್ದೆ ಇದ್ರೆ ಸರಿ," ಎಂದೆ. ಅವನು ನಕ್ಕ. ಕಣ್ಣು ಮಾತ್ರ ನಗುತ್ತಿರಲಿಲ್ಲ. ಇದು ಅವನಿಗೆ ಎಷ್ಟು ದೊಡ್ಡದೆಂದು ನನಗೆ ಆಗ ಅರಿವಾಯಿತು.

ಚಿತ್ರೀಕರಣ ಬಹಳ ನೆಮ್ಮದಿಯಿಂದ ನಡೆಯಿತಂತೆ, ಎಷ್ಟೆಂದರೆ ಯಾರಾದರೂ ಅನುಮಾನಪಡಬೇಕಿತ್ತು. ಲೋಥಾರ್ ಮೇಜು ಗುದ್ದಿ ಅರಚುವಾಗ ದೀಪ ಹಿಡಿಯುವವರು ಆಕಳಿಸುತ್ತಿದ್ದರು. ಮರೈಕೆಗೆ ಅವನ ಪಕ್ಕದಲ್ಲಿ ನಿಂತರೆ ಏನೋ ಸಮಾಧಾನ. "ಎಷ್ಟು ಒಳ್ಳೆ ಮನುಷ್ಯ ಅಂದ್ಕೊಂಡಿದ್ದೆ, ಫ್ರಾವ್ ಇರ್ಮೆಲ್," ಎಂದು ಆಮೇಲೆ ನನ್ನ ಬಳಿ ಹೇಳಿದಳು. "ನಾನೂ ಅವ್ರ ಕ್ಯಾಸೆಟ್ ಕೇಳ್ಕೊಂಡೇ ಮಲಗಿದವಳು ಅಂತ ತಲೇಗೇ ಹೊಳೀಲಿಲ್ಲ."

ಎಲ್ಲರಿಗೂ ಹೊಳೆದದ್ದು ಸ್ಟೇಗ್ಲಿಟ್ಸ್‌ನ ಒಂದು ಸಣ್ಣ ಚಿತ್ರಮಂದಿರದಲ್ಲಿ. ಚಿತ್ರ ಪೂರ್ತಿಯಾಗುವ ಮೊದಲು ಜನರನ್ನು ಕರೆದು ತೋರಿಸುವ ಪದ್ಧತಿ ಇದೆಯಲ್ಲ, ಅದಕ್ಕಾಗಿ ಮೂವತ್ತರ ಆಸುಪಾಸಿನವರನ್ನು ಕರೆಸಿದ್ದರು. ಲೋಥಾರ್, ಮರೈಕೆಯರ ಜೊತೆ ನಾನೂ ಹೋಗಿದ್ದೆ. ಪರದೆಯ ಮೇಲೆ ಮಾಂಸದಂಗಡಿಯವನು ಎದ್ದು ನಿಂತು ಮಗನ ಮೇಲೆ ಗುಡುಗಿದ. ಸಭಿಕರ ಮುಖಗಳಲ್ಲಿ ಒಂದು ಮಂದಹಾಸ ಮೂಡಿತು. ಇನ್ನೊಮ್ಮೆ ಗುಡುಗಿದ. ಎಲ್ಲರೂ ಕುರ್ಚಿಯಲ್ಲಿ ಒಂದಿಷ್ಟು ಕೆಳಗೆ ಜಾರಿದರು. ನಮ್ಮ ಮುಂದೆ ಕೂತಿದ್ದ ಗಡ್ಡದವನೊಬ್ಬ ಕೋಟನ್ನು ಗಲ್ಲದವರೆಗೆ ಎಳೆದುಕೊಂಡ. "ನನ್ನ ಮನೇಲಿ ನಿನಗೆ ಜಾಗ ಇಲ್ಲ, ತೊಲಗು!" ಎಂದು ಲೋಥಾರ್ ಅಬ್ಬರಿಸುವ ಹೊತ್ತಿಗೆ ಆ ಗಡ್ಡದವನು ಗೊರಕೆ ಹೊಡೆಯುತ್ತಿದ್ದ.

ಮರೈಕೆ ಆಗ ಒಂದು ಕೆಲಸ ಮಾಡಿದಳು. ಲೋಥಾರನ ಪಕ್ಕದಲ್ಲಿ ಕೂತಿದ್ದವಳು ಏನೋ ಹೇಳುವವಳಂತೆ ಮುಂದಕ್ಕೆ ಬಾಗಿ, ಆ ಗಡ್ಡದವನು ಅವನಿಗೆ ಕಾಣದಂತೆ ತಡೆದಳು. ಚಿತ್ರ ಮುಗಿಯುವವರೆಗೂ ಬೆನ್ನು ಬಗ್ಗಿಸಿ ಹಾಗೇ ಕೂತಿದ್ದಳು. ಗೊರಕೆಯನ್ನು ಮಾತ್ರ ಅವಳಿಂದ ಅಡ್ಡಗಟ್ಟಲಾಗಲಿಲ್ಲ.

ಆಮೇಲೆ ಸಭಿಕರನ್ನು ಕೇಳಿದರು. ಒಬ್ಬ ಹುಡುಗಿ ಸಂಕೋಚದಿಂದ, "ತುಂಬಾ ಹಿತವಾಗಿತ್ತು. ಅವರು ಬೈಯೋಕೆ ಶುರು ಮಾಡಿದ ಕೂಡ್ಲೇ ಹೋಗಿ ಹಲ್ಲುಜ್ಜಬೇಕು ಅನ್ನಿಸ್ತು" ಎಂದಳು.

"ಅದು ಅಜ್ಜ ಹಿನ್ನರ್ಕ್ ಅಲ್ವಾ?" ಎಂದು ಇನ್ನೊಬ್ಬ ಕೂಗಿದ. ಸಭೆಯಲ್ಲೆಲ್ಲ ಒಂದು ದೊಡ್ಡ "ಓ!" ಎದ್ದಿತು. ಎಲ್ಲರೂ ಚಪ್ಪಾಳೆ ತಟ್ಟಿದರು. ಲೋಥಾರ್ ಎದ್ದು ನಿಂತು ಬಾಗಿ ವಂದಿಸಿದ. ಅಷ್ಟು ಬಿಳುಚಿಕೊಂಡ ಮುಖವನ್ನು ಅವನ ಹೆಣದ ಪಾತ್ರಗಳಲ್ಲೂ ನಾನು ಕಂಡಿರಲಿಲ್ಲ.

ನಿರ್ಮಾಪಕ ಶೆರ್ಫ್ ಅವರು ಐವತ್ತು ದಾಟಿದವರು. ಕೆಟ್ಟವರೇನಲ್ಲ, ಮಾತು ಮಾತ್ರ ನೇರ. ಮರುದಿನ ನಮ್ಮ ಸ್ಟುಡಿಯೋಗೆ ಬಂದು ನಿಂತೇ ಹೇಳಿದರು.

"ನಾನು ಆ ಕ್ಯಾಸೆಟ್ ಕೇಳಿ ಬೆಳೆದವನಲ್ಲ, ನನಗೇನೂ ಅನ್ನಿಸ್ಲಿಲ್ಲ. ಆದ್ರೆ ಜನ ಮಲಗ್ತಿದ್ದಾರಲ್ಲ, ಹೆರ್ ವೀಲಾಂಡ್! ಭಯಂಕರ ಮನುಷ್ಯನ ಚಿತ್ರ ಇದು. ಲಾಲಿ ಹಾಡೋ ಚಿತ್ರ ಅಲ್ಲ. ನಿಮ್ಮ ಮುಖ ಇರ್ಲಿ. ದನಿ ಬೇರೆಯವರ ಹತ್ರ ಹಾಕಿಸ್ತೀನಿ."

ಲೋಥಾರ್, "ಹೆಣ ಆಗಿದ್ದಾಗ್ಲೂ ನನ್ನ ಮೌನಾನ ಯಾರೂ ಬದಲಾಯಿಸಿರ್ಲಿಲ್ಲ," ಎಂದ.

ಯಾರೂ ನಗಲಿಲ್ಲ. ಜೀವನವೆಲ್ಲ ಬೇರೆಯವರ ತುಟಿಗೆ ದನಿ ಕೊಟ್ಟವನ ತುಟಿಗೆ ಈಗ ಇನ್ನೊಬ್ಬನ ದನಿ ಬರಲಿತ್ತು.

ಆ ಇನ್ನೊಬ್ಬ ಯಾರೆಂದರೆ ಏಗೋನ್ ಪಾಶ್ಕೆ. ಲೋಥಾರನ ಓರಗೆಯವನು, ಬಾವಿಯೊಳಗಿಂದ ಬರುವಂಥ ಗಡಸು ದನಿಯವನು. ಇಬ್ಬರೂ ಒಬ್ಬರನ್ನೊಬ್ಬರು ಕಿಚಾಯಿಸದೆ ಕಾಫಿ ಕುಡಿದ ದಿನವಿಲ್ಲ. ದನಿ ಹಾಕುವ ದಿನ ಏಗೋನ್ ಬೇಗನೆ ಬಂದುಬಿಟ್ಟ. ಲೋಥಾರನೂ ಅಲ್ಲೇ ಇದ್ದ, ಏಕೆಂದರೆ ಅದೇ ಚಿತ್ರದ ಸದ್ದುಗಳನ್ನು ಮಾಡುವ ಕೆಲಸವನ್ನೂ ಅವನೇ ಒಪ್ಪಿಕೊಂಡಿದ್ದ. ದನಿ ಹೋದರೂ ತನ್ನ ಬೂಟಿನ ಸದ್ದಾದರೂ ತನ್ನದಾಗಿರಲಿ ಎಂದಿರಬೇಕು.

"ಲೋಥಾರ್, ನಿನ್ನ ಬಾಯಿ ನನಗೆ ಬಾಡಿಗೆಗೆ ಬಂದಿದೆಯಂತೆ," ಎಂದ ಏಗೋನ್ ಬಾಗಿಲಲ್ಲೇ. "ಹಲ್ಲು ಉಜ್ಜಿದ್ದೀಯ ತಾನೆ?"

"ಬಾರೋ ಬಾಡಿಗೆದಾರ. ಬೂಟು ಹೊರಗೆ ಬಿಡು. ಗೋಡೆಗೆ ಮೊಳೆ ಹೊಡೀಬೇಡ."

ಹೀಗೆ ಗೇಲಿ ಮಾಡಿದವನೇ ಏಗೋನ್ ಜೇಬಿನಿಂದ ಗಂಟಲಿಗೆ ಹಾಕಿಕೊಳ್ಳುವ ಪೆಪ್ಪರ್‌ಮಿಂಟಿನ ಡಬ್ಬಿ ತೆಗೆದು ಮೊದಲು ಲೋಥಾರನ ಮುಂದೆ ಹಿಡಿದ. ಆ ದಿನ ಲೋಥಾರನ ಗಂಟಲಿಗೆ ಯಾವ ಕೆಲಸವೂ ಇರಲಿಲ್ಲ. ಆದರೂ ಹಿಡಿದ, ಇವನೂ ಒಂದು ತೆಗೆದುಕೊಂಡ.

ಮರೈಕೆ, ಏಗೋನ್, ನಾನು ಸದ್ದಿನ ಕೋಣೆಯ ಗಾಜಿನ ಈಚೆ ಕೂತೆವು. ಲೋಥಾರ್ ಒಳಗೆ ಹಲಗೆಯ ಮೇಲೆ ನಿಂತ. ಸದ್ದು ಮಾಡುವವರು ಚಿತ್ರವನ್ನು ಮೂಕವಾಗಿಟ್ಟುಕೊಂಡೇ ಕೆಲಸ ಮಾಡುತ್ತಾರೆ. ಮಾತು ಕೇಳಿಸುತ್ತಿದ್ದರೆ ಕಿವಿ ಅದರ ಹಿಂದೆಯೇ ಹೋಗಿಬಿಡುತ್ತದೆ. ಊಟದ ಮೇಜಿನ ದೃಶ್ಯ ಬಂತು. ಪರದೆಯ ಮೇಲೆ ಮಗ ತಲೆ ತಗ್ಗಿಸಿ ಕೂತಿದ್ದಾನೆ. ಎದುರಿಗೆ ಅಪ್ಪ.

ಮೊದಲು ಚಮಚ ತಟ್ಟೆಯ ಅಂಚಿಗೆ ತಾಗಿ ನಿಂತಿತು. ಆಮೇಲೆ ಕುರ್ಚಿ ಹಿಂದೆ ಸರಿಯಿತು, ನಿಧಾನವಾಗಿ, ನೆಲವನ್ನು ಕೆರೆಯುತ್ತ. ಮೂಗಿನಿಂದ ಒಂದು ಉಸಿರು ಹೊರಬಂತು. ಬೂಟುಗಳು ಮೇಜನ್ನು ಬಳಸಿ ನಡೆದು ಬಂದು ಮಗನ ಕುರ್ಚಿಯ ಹಿಂದೆ ನಿಂತವು. ಪರದೆಯ ಮೇಲೆ ಲೋಥಾರನ ಬಾಯಿ ಅಬ್ಬರಿಸುತ್ತಿತ್ತು, ನಮಗೆ ಒಂದು ಮಾತೂ ಕೇಳಿಸುತ್ತಿರಲಿಲ್ಲ. ಕೇಳಿಸುತ್ತಿದ್ದದ್ದು ಹಲಗೆಯ ಮೇಲೆ ಅವನ ಭಾರ ಒಂದು ಕಾಲಿನಿಂದ ಇನ್ನೊಂದಕ್ಕೆ ಹೊರಳುವ ಕಿರುಗುಟ್ಟುವಿಕೆ ಮಾತ್ರ.

ನಾನು ಕುರ್ಚಿಯಲ್ಲಿ ನೆಟ್ಟಗೆ ಕೂತೆ. ಪಕ್ಕಕ್ಕೆ ತಿರುಗಿದೆ. ಏಗೋನ್ ಕಾಫಿಯ ಲೋಟವನ್ನು ತುಟಿಯವರೆಗೆ ಎತ್ತಿದವನು ಕುಡಿಯದೆ ಹಾಗೇ ಹಿಡಿದಿದ್ದ.

ದೃಶ್ಯ ಮುಗಿದರೂ ಆ ಲೋಟ ಕೆಳಗಿಳಿಯಲಿಲ್ಲ. ಲೋಥಾರ್ ಒಳಗಿನಿಂದ, "ಏನಾಯ್ತು? ಬೂಟು ತಡವಾಯ್ತಾ?" ಎಂದು ಕೇಳಿದ.

"ಏನೂ ಇಲ್ಲಪ್ಪ," ಎಂದ ಏಗೋನ್. "ನನ್ನಪ್ಪ ಈಗ ತಾನೇ ಮಹಡಿ ಇಳಿದು ಬಂದ ಹಾಗಾಯ್ತು. ಅವನು ಸತ್ತು ಯಾವ ಕಾಲವಾಯ್ತು!" ಲೋಟ ಕೆಳಗಿಟ್ಟು ಮರೈಕೆಯ ಕಡೆ ತಿರುಗಿದ. "ನೋಡಮ್ಮ, ಇದರ ಮೇಲೆ ನಾನು ಏನು ಮಾತಾಡ್ಲಿ? ನಾನು ಬಾಯಿ ಬಿಟ್ರೆ ಕೆಟ್ಟೋಗತ್ತೆ. ಅವನು ಬಾಯಿ ಬಿಟ್ರೂ ಕೆಟ್ಟೋಗತ್ತೆ."

ಮರೈಕೆ ಎದ್ದು ನಿಂತಿದ್ದಳು. "ಬೈಸಿಕೊಳ್ಳೋ ಮಗುಗೆ ಇಷ್ಟೇ ಅಲ್ವಾ ಕೇಳ್ಸೋದು?" ಎಂದಳು. "ಮಾತು ಯಾರಿಗೆ ನೆನಪಿರತ್ತೆ? ಕುರ್ಚಿ ಸರಿದಿದ್ದು ನೆನಪಿರತ್ತೆ. ಫ್ರಾವ್ ಇರ್ಮೆಲ್, ಅಪ್ಪನ ಬಾಯಿ ಆಡೋ ಕಡೆಯೆಲ್ಲ ಮಗನ ಮುಖ ಇಟ್ರೆ? ಮಾತು ಪೂರ್ತಿ ತೆಗೆದ್ರೆ?"

"ಆಗತ್ತೆ," ಎಂದೆ. "ಮಗನ ಮುಖ ಬೇಕಾದಷ್ಟು ತೆಗೆದಿಟ್ಟಿದ್ದೀಯಲ್ಲ."

ಲೋಥಾರ್ ಅಷ್ಟರಲ್ಲಿ ಬಾಗಿಲು ತೆರೆದು ಹೊರಗೆ ಬಂದಿದ್ದ. ಮಾಂಸದಂಗಡಿಯವನ ದಪ್ಪ ಬೂಟು ಇನ್ನೂ ಕಾಲಲ್ಲೇ ಇತ್ತು. ಮರೈಕೆ ವಿವರಿಸಿದಂತೆಲ್ಲ ಅವನ ಮುಖ ಸಪ್ಪಗಾಗುತ್ತ ಹೋಯಿತು. ಆ ಮಾತುಗಳನ್ನು ಅವನು ಹಿಂದಿನ ವರ್ಷದ ಚಳಿಗಾಲ ಪೂರ್ತಿ ಕಲಿತಿದ್ದ. ಟೆಲ್ಟೋ ಕಾಲುವೆಯ ದಂಡೆಯಲ್ಲಿ ನಡೆಯುತ್ತ, ಬಾತುಕೋಳಿಗಳನ್ನು ಬೈದು ಬೈದು ಅಭ್ಯಾಸ ಮಾಡಿದ್ದನಂತೆ.

"ಎಲ್ಲಾ ಮಾತೂನಾ?" ಎಂದು ಕೇಳಿದ.

ಮರೈಕೆ ಅವನ ಬೂಟುಗಳನ್ನೇ ನೋಡಿದಳು. ಅವಳು ಹೌದೆನ್ನಲಾರಳು, ಇಲ್ಲವೆನ್ನಲೂ ಆರಳು.

ಲೋಥಾರ್ ಕೂತುಕೊಂಡು ಬೂಟಿನ ದಾರ ಬಿಚ್ಚತೊಡಗಿದ. ಅರ್ಧ ಬಿಚ್ಚಿ ನಿಲ್ಲಿಸಿದ. "ಬೇರೆಯವನ ದನಿ ಬರೋದಕ್ಕಿಂತ ಇದೇ ವಾಸಿ," ಎಂದ. "ಕಿತ್ತು ಹಾಕಿ. ಆದ್ರೆ ಒಂದು ಮಾತು ಮಾತ್ರ ನನಗೆ ಬಿಡಿ. ಕೊನೇದು. ಮಗ ಬಾಗಿಲಲ್ಲಿ ನಿಂತಿರ್ತಾನಲ್ಲ, ಅದು."

"ಶೆರ್ಫ್ ಒಪ್ಪಲ್ಲ," ಎಂದಳು ಮರೈಕೆ. "ಬಾಯಿ ತೆರೆದ್ರೆ ಜನ ಮಲಗ್ತಾರೆ ಅಂತಾರೆ."

"ಒಂದು ಮಾತಿಗೆ ಎಷ್ಟು ಮಲಗ್ತಾರೆ, ಮಗಳೇ?"

ಏಗೋನ್ ಎದ್ದು ಕೋಟು ಹಾಕಿಕೊಂಡ. ಅವನಿಗೆ ಬಂದ ಕೆಲಸ ಕಣ್ಣೆದುರೇ ಹೋಗಿತ್ತು. "ಬಾಡಿಗೆ ಮನೆ ಖಾಲಿ ಮಾಡಿದೆ," ಎಂದ. "ಮಾಲೀಕ ತುಂಬಾ ತಕರಾರಿನವನು." ಹೋಗುವಾಗ ಪೆಪ್ಪರ್‌ಮಿಂಟಿನ ಡಬ್ಬಿಯನ್ನು ಅಲ್ಲೇ ಬಿಟ್ಟುಹೋದ.

ನಾವು ಚಿತ್ರವನ್ನು ಹೊಸದಾಗಿ ಜೋಡಿಸಿದೆವು. ಶೆರ್ಫ್ ನೋಡಿ ಹುಬ್ಬು ಗಂಟಿಕ್ಕಿದರು. ಮಾತಿಲ್ಲದ ಮುಂಗೋಪಿ ಅವರಿಗೆ ಹಿಡಿಸಿತು. ಕೊನೆಯ ಮಾತಿನ ಬಗ್ಗೆ ಮಾತ್ರ ಪಟ್ಟು ಸಡಿಲಿಸಲಿಲ್ಲ.

"ಇನ್ನೊಂದು ಸಲ ಜನರಿಗೆ ತೋರಿಸೋಣ. ಆ ಮಾತಿಗೆ ಒಬ್ಬನೇ ಒಬ್ಬ ಆಕಳಿಸಿದ್ರೂ ಪಾಶ್ಕೆಯವರ ದನಿ ಹಾಕಿಸ್ತೀನಿ. ಆಮೇಲೆ ನನ್ನ ಹತ್ರ ಅಳಬಾರದು."

"ಅಳಲ್ಲ," ಎಂದ ಲೋಥಾರ್. "ಅಳೋ ಪಾತ್ರ ನನಗೆ ಯಾರೂ ಕೊಟ್ಟಿಲ್ಲ."

ಅದೇ ಚಿತ್ರಮಂದಿರ, ಅದೇ ವಯಸ್ಸಿನ ಬೇರೆ ಜನ. ಮಾರ್ಚ್ ತಿಂಗಳ ಒಂದು ಮಧ್ಯಾಹ್ನ, ಹೊರಗೆ ಹಸಿ ಗಾಳಿ. ಲೋಥಾರ್ ಬೆಳಗಿನಿಂದ ಏನೂ ತಿಂದಿರಲಿಲ್ಲ. ನಾನು ಚೀಸ್ ಹಾಕಿದ ಬ್ರೆಡ್ಡು ಕೊಡಹೋದರೆ ಕೈಯಾಡಿಸಿ ಬೇಡವೆಂದ. ಈ ಸಲ ಅವನು ಕೊನೆಯ ಸಾಲಿನಲ್ಲಿ ಕೂತ. ನಾನು ಅವನ ಪಕ್ಕ ಕೂತೆ. ಶೆರ್ಫ್ ನಮ್ಮ ಹಿಂದೆ, ತೆರೆದ ಬಾಗಿಲಿಗೆ ಒರಗಿ ನಿಂತರು. ಕೈಯಲ್ಲಿ ಟೆಲಿಫೋನು ಹಿಡಿದಿದ್ದರು. ಮಧ್ಯದಲ್ಲೇ ಹೊರಗೆ ಹೋಗಿ ಏಗೋನ್‌ಗೆ ಕರೆ ಮಾಡುವ ಇರಾದೆ ಇದ್ದಿರಬೇಕು.

ಚಿತ್ರ ಓಡಿತು. ಕುರ್ಚಿ ಸರಿದಾಗ ಮುಂದಿನ ಸಾಲಿನ ಒಬ್ಬಾಕೆ ತನ್ನ ಚೀಲವನ್ನು ಎದೆಗೆ ಒತ್ತಿಕೊಂಡಳು. ಬೂಟುಗಳು ಮಹಡಿ ಹತ್ತಿದಾಗ ಒಬ್ಬನೂ ಕೆಮ್ಮಲಿಲ್ಲ. ಆ ಮನುಷ್ಯ ಬಾಯಿ ತೆರೆದರೆ ಏನಾಗುತ್ತದೋ ಎಂದು ಎಲ್ಲರೂ ಹೆದರಿ ಕಾಯುತ್ತಿರುವುದು ಕೊನೆಯ ಸಾಲಿನವರೆಗೂ ತಿಳಿಯುತ್ತಿತ್ತು. ಲೋಥಾರ್ ತನ್ನ ಮುಖವನ್ನು ನೋಡುತ್ತಿರಲಿಲ್ಲ. ಸಭಿಕರ ತಲೆಗಳನ್ನು ನೋಡುತ್ತಿದ್ದ, ಯಾವ ತಲೆ ವಾಲುತ್ತದೆ ಎಂದು.

ಕೊನೆಯ ದೃಶ್ಯ ಬಂತು. ಮಗ ಬಾಗಿಲು ತಳ್ಳಿ ಹೊಸ್ತಿಲಲ್ಲಿ ನಿಂತಿದ್ದಾನೆ. ಅವನ ಹಿಂದೆ ಹಿಮ ಬೀಳುತ್ತಿದೆ. ಒಳಗೆ ಬರುವುದೋ ಬೇಡವೋ ಅವನಿಗೆ ಗೊತ್ತಿಲ್ಲ. ಅಪ್ಪ ಮೇಜಿನ ಬಳಿ ಕೂತು ಅವನನ್ನು ನೋಡುತ್ತಾನೆ, ಬಹಳ ಹೊತ್ತು. ಆಮೇಲೆ ಇಡೀ ಚಿತ್ರದಲ್ಲಿ ಮೊದಲ ಸಲ ಲೋಥಾರನ ದನಿ ಕೇಳಿಸಿತು.

"ಬಾಗಿಲು ಹಾಕ್ಕೋ. ಗಾಳಿ ಬರ್ತಿದೆ."

ಅಷ್ಟೇ. ನಮ್ಮ ಕಡೆ ಎಲ್ಲ ಮನೆಯಲ್ಲೂ ದಿನಕ್ಕೊಮ್ಮೆಯಾದರೂ ಒಳಗೆ ಬಂದವರಿಗೆ ಯಾರಾದರೂ ಹೇಳುವ ಮಾತು. ಸಭೆಯಲ್ಲಿ ಎಲ್ಲರೂ ಒಟ್ಟಿಗೆ ಉಸಿರು ಬಿಟ್ಟಂತಾಯಿತು. ಚೀಲ ಅಪ್ಪಿಕೊಂಡಿದ್ದ ಹೆಂಗಸು ಅದರೊಳಗೆ ಕರವಸ್ತ್ರ ಹುಡುಕತೊಡಗಿದಳು. ಯಾವ ತಲೆಯೂ ವಾಲಲಿಲ್ಲ.

ಆಗ ನಮ್ಮ ಹಿಂದೆ ಒಂದು ಸದ್ದಾಯಿತು. ತಿರುಗಿ ನೋಡಿದೆ. ಶೆರ್ಫ್ ಟೆಲಿಫೋನನ್ನು ಜೇಬಿಗೆ ಹಾಕಿ, ತಾವು ಒರಗಿ ನಿಂತಿದ್ದ ಚಿತ್ರಮಂದಿರದ ಬಾಗಿಲನ್ನು ಎರಡೂ ಕೈಯಿಂದ ಹಿಡಿದು, ಒಳಗಿನಿಂದ ಮೆಲ್ಲಗೆ ಮುಚ್ಚುತ್ತಿದ್ದರು. ತಾವೇನು ಮಾಡುತ್ತಿದ್ದೇವೆಂದು ಅವರಿಗೆ ಅರಿವಿದ್ದಂತೆ ಕಾಣಲಿಲ್ಲ. ಚಿಲಕ ಕಟಕ್ಕೆಂದಾಗ ಕೈ ಹಿಂದಕ್ಕೆಳೆದುಕೊಂಡು ನನ್ನ ಮುಖ ನೋಡಿದರು. ನಾನು ಪರದೆಯ ಕಡೆ ತಿರುಗಿಬಿಟ್ಟೆ.

ಲೋಥಾರ್ ಕೂಡ ಅದನ್ನು ಕಂಡಿದ್ದ. ಅವನ ಭುಜ ಅಲುಗುತ್ತಿತ್ತು. ನಗುತ್ತಿದ್ದನೋ ಅಳುತ್ತಿದ್ದನೋ ಕತ್ತಲಲ್ಲಿ ನನಗೆ ತಿಳಿಯಲಿಲ್ಲ. ಯಾವ ಪಾತ್ರದಲ್ಲೂ ಅವನು ಹಾಗೆ ಮಾಡಿದ್ದನ್ನು ನಾನು ಕಂಡಿರಲಿಲ್ಲ.

ದೀಪ ಹತ್ತಿದ ಮೇಲೆ ಜನ ಅವನನ್ನು ಮುತ್ತಿಕೊಂಡರು. ಮರೈಕೆ ಅವನ ಕುತ್ತಿಗೆಗೆ ಜೋತುಬಿದ್ದಳು. ಅವನು ಒಬ್ಬೊಬ್ಬರ ಕೈ ಕುಲುಕಿ ಮುಗಿಸಿ ಹೊರಗಿನ ಹಜಾರಕ್ಕೆ ಬರುವಷ್ಟರಲ್ಲಿ ಅಲ್ಲಿನ ತಿಂಡಿಯ ಕೌಂಟರ್ ಬರಿದಾಗಿತ್ತು. ಕೌಂಟರಿನ ಹುಡುಗಿ ಪಾತ್ರೆ ಒರೆಸುತ್ತ, "ಎಲ್ಲಾ ಖಾಲಿ, ಕೊನೇ ತಟ್ಟೆ ಈಗಷ್ಟೇ ಅವ್ರಿಗೆ ಕೊಟ್ಟೆ" ಎಂದು ಕಿಟಕಿಯ ಕಡೆ ತೋರಿಸಿದಳು. ಅಲ್ಲಿ ಶೆರ್ಫ್ ಎತ್ತರದ ಮೇಜಿನ ಬಳಿ ನಿಂತಿದ್ದರು. ಮುಂದಿದ್ದ ತಟ್ಟೆಯಲ್ಲಿ ಆಲೂಗಡ್ಡೆ ಸಲಾಡು, ಎರಡು ಬಿಸಿ ಸಾಸೇಜು, ಅಂಚಿನಲ್ಲಿ ಸಾಸಿವೆ. ಇನ್ನೂ ಮುಟ್ಟಿರಲಿಲ್ಲ.

ಅವರು ಆ ತಟ್ಟೆ ಎತ್ತಿಕೊಂಡು ನಮ್ಮ ಕಡೆ ನಡೆದು ಬಂದರು. ಫೋರ್ಕನ್ನು ಕಾಗದದ ಕರವಸ್ತ್ರದಿಂದ ಒರೆಸಿ ಸಲಾಡಿನ ಪಕ್ಕದಲ್ಲಿ ಇಟ್ಟು, ತಟ್ಟೆಯನ್ನು ಲೋಥಾರನ ಎರಡೂ ಕೈಗೆ ಕೊಟ್ಟರು.